ಮೂರು ಕುಂಡದ ನೆಲಸೀತಾಳೆ

“ನನ್ನ ಸೊಸೆ ನಾಳೆ ಬೆಳಿಗ್ಗೆ ಮನೆ ಬಿಟ್ಟು ಹೋಗ್ತಾಳೆ. ಹೋದ್ರೆ ವಾಪಸ್ ಬರಲ್ಲ, ಅವಳ ಮುಖ ನೋಡಿದ್ರೇ ಗೊತ್ತಾಗುತ್ತೆ. ನಾನು ಕದ್ದಿಲ್ಲ ಅಂತ ಅವಳಿಗೆ ಯಾರಾದ್ರೂ ಹೇಳ್ಬೇಕು ನೀಲಗಂಗಮ್ಮನೋರೇ. ನನ್ನ ಬಾಯಿಂದ ಬಂದ್ರೆ ನಂಬಲ್ಲ.”

ಹೀಗೆಂದವರು ಗಿರಿಜಾದೇವಿ. ನಾನು ಕೊಟ್ಟ ಕಾಫಿ ಅವರ ಕೈಯಲ್ಲೇ ತಣ್ಣಗಾಗುತ್ತಿತ್ತು. ವಿಜಯನಗರದ ನಮ್ಮ ಬೀದಿಯಲ್ಲಿ ಅವರು ಯಾರ ಮನೆಗೂ ಕಷ್ಟ ಹೇಳಿಕೊಂಡು ಹೋದವರಲ್ಲ. ಅಂಥವರು ಬೆಳಗಿನ ಕೆಲಸ ಬಿಟ್ಟು, ಚಪ್ಪಲಿಯನ್ನೂ ಅದಲುಬದಲು ಮೆಟ್ಟಿಕೊಂಡು ಬಂದಿದ್ದರು.

ನೀಲಗಂಗಮ್ಮ ತೂಕ ಮತ್ತು ಅಳತೆ ಇಲಾಖೆಯಲ್ಲಿ ಇನ್‌ಸ್ಪೆಕ್ಟರ್ ಆಗಿದ್ದು ನಿವೃತ್ತರಾದವರು. ಈಗಲೂ ಅವರು ಮಾರ್ಕೆಟ್ಟಿಗೆ ಕಾಲಿಟ್ಟರೆ ತರಕಾರಿಯವರು ತಕ್ಕಡಿಯ ತಟ್ಟೆ ಒರೆಸುತ್ತಾರೆ. ಬೀದಿಯಲ್ಲಿ ಏನು ಕಳೆದರೂ, ಯಾರ ಮೇಲೆ ಅನುಮಾನ ಬಿದ್ದರೂ ಪೊಲೀಸ್ ಠಾಣೆಗೆ ಮೊದಲು ಜನ ಬರುವುದು ಅವರ ಬಾಗಿಲಿಗೆ. ನಾನು ಅವರ ಮನೆಯ ಮಹಡಿಯಲ್ಲಿ ಬಾಡಿಗೆಗೆ ಇರುವವಳು. ನಾನು ಪಾಠ ಮಾಡುವ ಶಾಲೆಗೆ ಬೇಸಿಗೆ ರಜೆ ಇದ್ದದ್ದರಿಂದ ಆ ದಿನ ನಾನೂ ಜೊತೆಗಿದ್ದೆ.

“ಏನು ಕಳೆದಿದೆ?” ಎಂದರು ನೀಲಗಂಗಮ್ಮ.

“ಗೆಡ್ಡೆ. ಮೂರು ಕುಂಡದಲ್ಲಿದ್ದ ಆರ್ಕಿಡ್ ಗೆಡ್ಡೆ.” ಗಿರಿಜಾದೇವಿಯವರಿಗೆ ಹೇಳಲೂ ನಾಚಿಕೆಯಾದಂತಿತ್ತು. “ಬಂಗಾರ ಕಳೆದಿದ್ರೆ ಇಷ್ಟು ರಂಪ ಆಗ್ತಿರಲಿಲ್ಲ.”

ಅವರ ಸೊಸೆ ನಿಖಿತಾ ಕುಮಟಾ ಕಡೆಯವಳು. ಗಿಡಮರಗಳ ವಿಷಯದಲ್ಲಿ ಓದಿ ಕೆಂಗೇರಿಯ ಒಂದು ಕಾಲೇಜಿನಲ್ಲಿ ಪಾಠ ಮಾಡುತ್ತಾಳೆ. ಗಿರಿಜಾದೇವಿಯವರ ಮಗ ಚನ್ನವೀರೇಶ್ ಅವಳನ್ನು ಇಷ್ಟಪಟ್ಟು ಮದುವೆಯಾಗಿದ್ದ. ಮದುವೆಯಾಗಿ ವರ್ಷಗಳಾದರೂ ಮಕ್ಕಳಿರಲಿಲ್ಲ. ನಮ್ಮ ಬೀದಿಗೆ ಇಷ್ಟು ಗೊತ್ತಿತ್ತು. ಬೀದಿಗೆ ಯಾವಾಗಲೂ ಇಷ್ಟು ಮಾತ್ರ ಗೊತ್ತಿರುತ್ತದೆ.

ನೀಲಗಂಗಮ್ಮ ಎದ್ದು ಚೀಲವನ್ನು ಹೆಗಲಿಗೇರಿಸಿದರು. “ನಡಿ ಕೋಕಿಲಾ.”

*

ಗಿರಿಜಾದೇವಿಯವರ ಮನೆ ಎರಡು ರಸ್ತೆ ಆಚೆ. ಗೇಟಿನ ಒಳಗೆ ಬಲಕ್ಕೆ ಒಂದು ಬಿಲ್ವಪತ್ರೆಯ ಮರ, ಗೋಡೆಯುದ್ದಕ್ಕೆ ದಾಸವಾಳ. ನಾವು ಹೋದಾಗ ಮನೆಯ ಯಜಮಾನರು ಶಂಭುಲಿಂಗಪ್ಪನವರು ಹಣೆ ತುಂಬ ವಿಭೂತಿ ಧರಿಸಿ, ತಾಮ್ರದ ಚೆಂಬಿನಿಂದ ಪತ್ರೆ ಮರದ ಬುಡಕ್ಕೆ ನೀರು ಬಿಡುತ್ತಿದ್ದರು.

“ಪೂಜೆ ನೀರು. ಮನುಷ್ಯರು ತುಳಿಯೋ ಜಾಗಕ್ಕೆ ಚೆಲ್ಲಬಾರದು ನೋಡ್ರಿ,” ಎಂದು ನಮಗೆ ದಾರಿ ಬಿಟ್ಟರು. “ಎರಡು ಹೊತ್ತೂ ಈ ಮರಕ್ಕೇ.”

ಮರದ ಬುಡದಲ್ಲಿ ಒಣಗಿದೆಲೆಗಳ ದಪ್ಪ ಹಾಸು ಇತ್ತು. ಉಳಿದ ಅಂಗಳ ಕನ್ನಡಿಯಂತೆ ಗುಡಿಸಿತ್ತು. ನೀಲಗಂಗಮ್ಮ ಅದನ್ನೇ ನೋಡುತ್ತಿರುವುದನ್ನು ಕಂಡು ಗಿರಿಜಾದೇವಿ ಸಂಕೋಚದಿಂದ, “ಗುಡಿಸ್ಬೇಕು ಅಂದ್ರೆ ನಮ್ಮ ಬೀಗ್ತಿ ಬಿಡಲ್ಲ. ಎಲೆ ಇದ್ರೆ ಬುಡ ತಂಪಂತೆ. ಊರಿಂದ ಬಂದೋರು, ಇರ್ಲಿ ಅಂತ ಸುಮ್ಮನಿದೀನಿ,” ಎಂದರು.

ಬೀಗಿತ್ತಿ ಅಂದರೆ ನಿಖಿತಾಳ ತಾಯಿ ನಾಗವೇಣಿ. ಯುಗಾದಿಗೆ ಮಗಳ ಮನೆಗೆ ಬಂದವರು ಇನ್ನೂ ಇದ್ದರು.

ಟೆರೇಸಿನಲ್ಲಿ ನೀರಿನ ಟ್ಯಾಂಕಿನ ನೆರಳಲ್ಲಿ ನಿಖಿತಾ ಕುಕ್ಕುರುಗಾಲಲ್ಲಿ ಕುಳಿತಿದ್ದಳು. ಅವಳ ಮುಂದೆ ಮೂರು ಮಣ್ಣಿನ ಕುಂಡಗಳು. ಅತ್ತು ಮುಗಿದ ಮೇಲೆ ಬರುವ ಬಿಗಿ ಅವಳ ಮುಖದಲ್ಲಿತ್ತು.

“ಅತ್ತೆ ನಿಮ್ಮನ್ನ ಕರ್ಕೊಂಡು ಬಂದ್ರಾ ಆಂಟಿ?” ಎಂದಳು. “ಒಳ್ಳೇದಾಯ್ತು. ಯಾರು ಅಂತ ನೀವೇ ಹೇಳಿ. ಆಮೇಲೆ ನಾನು ಹೇಳೋದು ಏನೂ ಇರಲ್ಲ.”

“ಮೊದಲು ಗಿಡದ ವಿಷಯ ಹೇಳಮ್ಮ. ನಂಗೆ ಆರ್ಕಿಡ್ ಅಂದ್ರೆ ಮದುವೆ ಮಂಟಪದ ನೇರಳೆ ಹೂವು ಅಷ್ಟೇ ಗೊತ್ತು.”

ಅವಳ ದನಿ ಸ್ವಲ್ಪ ಸಡಿಲವಾಯಿತು. ಅದು ಮರದ ಮೇಲೆ ಬೆಳೆಯುವ ಜಾತಿಯಲ್ಲ, ನೆಲದ ಮೇಲಿನದು. ಅವಳು ಅದನ್ನು ನೆಲಸೀತಾಳೆ ಎಂದು ಕರೆಯುತ್ತಿದ್ದಳು. ಅವಳ ಊರಿನ ಹತ್ತಿರ ಗುಡ್ಡಕ್ಕೂ ಸಮುದ್ರಕ್ಕೂ ನಡುವೆ ಒಂದು ಕುರುಚಲು ಕಾಡಿತ್ತು. ಮೊದಲ ಮಳೆಗೆ ಅಲ್ಲಿ ಎಲೆಯೇ ಇಲ್ಲದ ದಂಟೊಂದು ನೆಲ ಸೀಳಿ ಬಂದು ಹಸಿರು ಮಿಶ್ರಿತ ಗುಲಾಬಿ ಹೂ ಬಿಡುತ್ತದೆ. ಎಲೆ ಬರುವುದು ಆಮೇಲೆ. ಮಳೆ ಮುಗಿದರೆ ಎಲೆಯೂ ಹೋಗುತ್ತದೆ, ಗೆಡ್ಡೆ ಮಣ್ಣಿನೊಳಗೆ ಮಲಗಿಬಿಡುತ್ತದೆ. ಬೇಸಿಗೆಯಲ್ಲಿ ಕುಂಡ ನೋಡಿದವರಿಗೆ ಬರೀ ಮಣ್ಣು. ಆಗ ನೀರು ಸೋಕಿದರೆ ಕೊಳೆತೇ ಹೋಗುತ್ತದೆ.

“ರಸ್ತೆ ಅಗಲ ಮಾಡುವಾಗ ಆ ಕಾಡು ಪೂರ್ತಿ ಹೋಯ್ತು. ಬುಲ್ಡೋಜರ್ ಮುಂದೆ ಓಡಾಡಿ ನಾನು ತೆಗೆದದ್ದು ಈ ಮೂರು ಬುಡ. ಅಲ್ಲೇ ಹತ್ತಿರ ಒಂದು ಕಾಲೇಜಿನವರು ತಮ್ಮ ಜಾಗಕ್ಕೆ ಬೇಲಿ ಹಾಕಿ ಕಾಡು ಬೆಳೆಸ್ತಿದಾರೆ. ಮಳೆಗೆ ಮೊದಲು ತಂದು ನೆಡಿ ಅಂತ ಮೊನ್ನೆ ತಾನೆ ಒಪ್ಪಿಗೆ ಕೊಟ್ರು. ನಾಳೆ ಹೊರಡೋಣ ಅಂತ ಇವತ್ತು ಕುಂಡ ಬಿಚ್ಚಿದ್ರೆ...” ಅವಳು ಅಂಗೈ ಬಿಡಿಸಿ ತೋರಿಸಿದಳು. ಅದರಲ್ಲಿ ಕೆಂಪು ಮಣ್ಣಿನ ಹೆಂಟೆಯಲ್ಲದೆ ಏನೂ ಇರಲಿಲ್ಲ.

“ಯಾರ ಮೇಲೆ ಅನುಮಾನ?”

ನಿಖಿತಾ ಅತ್ತೆಯ ಕಡೆ ನೋಡಲಿಲ್ಲ. “ಬಸವೇಶ್ವರನಗರದ ಲಕ್ಷ್ಮೀಪತಿ ಸಾರ್ ಒಂದು ಗೆಡ್ಡೆ ಕೊಡಿ ಅಂತ ಪ್ರಾಣ ತಿಂತಿದ್ರು. ಅವರ ಟೆರೇಸ್ ತುಂಬ ಆರ್ಕಿಡ್ಡೇ. ನಾನಿಲ್ಲದಾಗ ಒಂದ್ಸಲ ಬಂದು ನೋಡ್ಕೊಂಡು ಹೋಗಿದಾರೆ. ಆದ್ರೆ ನಾಳೆ ಕುಮಟಾಕ್ಕೆ ನನ್ನ ಕರ್ಕೊಂಡು ಹೋಗೋ ಕಾರೇ ಅವರದ್ದು.” ಸ್ವಲ್ಪ ತಡೆದು ಹೇಳಿದಳು, “ಖಾಲಿ ಕುಂಡ ಯಾಕೆ, ಕರಿಬೇವು ಹಾಕು ಅಂತ ಈ ಮನೆಯಲ್ಲಿ ದಿನಾ ಕೇಳಿದೀನಿ. ಹೋದ ತಿಂಗಳು ನಾಮಕರಣದ ಮನೆಯಲ್ಲಿ ಇವರ ಕಡೆಯ ಹೆಂಗಸೊಬ್ರು, ಮೂರು ಕುಂಡ ಕಾಯೋ ಬದಲು ಒಂದು ತೊಟ್ಟಿಲು ಕಾಯಬಾರದಾ ಅಂದ್ರು. ಎಲ್ಲರ ಮುಂದೆ. ನನ್ನಮ್ಮನೂ ಅಲ್ಲೇ ಕೂತಿದ್ರು. ಅತ್ತೆ ಒಂದು ಮಾತು ಆಡಲಿಲ್ಲ. ಎದ್ದು ಹೊರಗೆ ಹೋದ್ರು.”

ಗಿರಿಜಾದೇವಿಯವರ ತುಟಿ ಅಲುಗಿತು. ಆದರೆ ಅವರು ಆಗಲೂ ಏನೂ ಹೇಳಲಿಲ್ಲ. ಹೇಳಬೇಕಾದ ಹೊತ್ತಿಗೆ ಮಾತು ಹೊರಡದ ಹೆಂಗಸರನ್ನು ನಾನು ಎಷ್ಟೋ ನೋಡಿದ್ದೇನೆ. ಅವರ ಮೌನವನ್ನು ನೋಡಿದವರು ತಮಗೆ ಬೇಕಾದ ಅರ್ಥ ತುಂಬಿಕೊಳ್ಳುತ್ತಾರೆ.

ನೀಲಗಂಗಮ್ಮ ಕುಂಡಗಳನ್ನು ಒಂದೊಂದಾಗಿ ಎತ್ತಿ ಇಳಿಸಿದರು. ಪಕ್ಕದಲ್ಲಿ ಅದೇ ಅಳತೆಯ ಇನ್ನೊಂದು ಕುಂಡದಲ್ಲಿ ಜರಿಗಿಡವಿತ್ತು. ಅದನ್ನೂ ಎತ್ತಿದರು.

“ಈ ಜರಿಗಿಡಕ್ಕೂ ಅದೇ ಮಣ್ಣಾ?”

“ಹೌದು. ಮರಳು, ತೆಂಗಿನ ನಾರು, ಎಲೆಗೊಬ್ಬರ. ನಾನೇ ಬೆರೆಸಿದ್ದು.”

“ಗಿಡ ಇರೋ ಕುಂಡ ಹಗುರ. ಖಾಲಿಯಾದ ಕುಂಡ ಮೂರೂ ಭಾರ. ತಮಾಷೆಯಾಗಿದೆ.” ನೀಲಗಂಗಮ್ಮ ಕುಂಡದ ಮಣ್ಣಿಗೆ ಬೆರಳಿಟ್ಟು ಕೆದಕಿದರು. “ನೀನು ಬಿಚ್ಚೋ ಮೊದಲು ಮೇಲೆ ಹೇಗಿತ್ತು?”

“ನಾನು ಮುಚ್ಚಿಟ್ಟ ಹಾಗೇ. ಒಣಗಿದೆಲೆ ಹಾಸಿ ಇಡ್ತೀನಿ. ಒಂದು ಎಲೆಯೂ ಚೆದುರಿರಲಿಲ್ಲ.”

ನೀಲಗಂಗಮ್ಮನ ಬೆರಳ ತುದಿಗೆ ಏನೋ ಅಂಟಿ ಬಂತು. ನನ್ನ ಅಂಗೈಗೆ ಹಾಕಿದರು. ಅಕ್ಕಿಕಾಳು. ಉಬ್ಬಿದ, ಮೈಮೇಲೆ ಕೆಂಪು ಗೀರುಗಳಿದ್ದ ಕಾಳು. ಇನ್ನೆರಡು ಕುಂಡಗಳ ಮಣ್ಣಿನಲ್ಲೂ ಅಂಥದೇ ಕಾಳುಗಳು ಸಿಕ್ಕವು.

“ಹಕ್ಕಿಗೆ ಅಂತ ಅಕ್ಕಿ ಹಾಕೋದು ನಾನೇ,” ಎಂದರು ಗಿರಿಜಾದೇವಿ, ಮೆಲ್ಲಗೆ. ತಮ್ಮ ಕೊರಳಿಗೆ ತಾವೇ ಉರುಲು ಬಿಗಿಯುತ್ತಿದ್ದಾರೆ ಅನಿಸಿತು ನನಗೆ. ತಡೆಗೋಡೆಯ ಮೇಲೆ ನಿಜಕ್ಕೂ ಅಕ್ಕಿ ಚೆಲ್ಲಿತ್ತು. ನೀಲಗಂಗಮ್ಮ ಅದನ್ನೂ ಒಂದು ಚಿಟಿಕೆ ತೆಗೆದುಕೊಂಡರು.

ಟೆರೇಸಿನ ಇನ್ನೊಂದು ಮೂಲೆಯಲ್ಲಿ ಹಳೆಯ ಸೀರೆಯ ಮೇಲೆ ಸಂಡಿಗೆ ಒಣಗುತ್ತಿತ್ತು. “ಅರ್ಧ ನಮ್ಮ ಸಂಡಿಗೆ,” ಎಂದಳು ನಿಖಿತಾ, “ಇನ್ನರ್ಧದಲ್ಲಿ ಅಮ್ಮ ಬಾಳೆಕಾಯಿ ಒಣಗಿಸ್ತಿದ್ರು. ಎರಡು ವಾರದ ಹಿಂದೆ. ನೆರಳಿಗೆ ಬಿದ್ದಿತ್ತು ಅಂತ ನಾನೇ ಬಿಸಿಲಿಗೆ ಎಳೆದು ಹಾಕಿದ್ದೆ.” ನೀಲಗಂಗಮ್ಮ ಬಗ್ಗಿ ಸೀರೆಯ ಅಂಚಿನ ಮಡಿಕೆ ಬಿಡಿಸಿದರು. ಉಗುರಿನಷ್ಟು ದೊಡ್ಡ, ಕೊಂಬಿನಂತೆ ಗಟ್ಟಿಯಾದ ತುಣುಕೊಂದು ಅಲ್ಲಿ ಅಂಟಿಕೊಂಡಿತ್ತು. ಬೆಳಕಿಗೆ ಹಿಡಿದರೆ ಆಚೆ ಕಾಣುವಂತಿತ್ತು. ಅದು ಅವರ ಚೀಲ ಸೇರಿತು.

ಅಷ್ಟರಲ್ಲಿ ನಾಗವೇಣಿ ಮೆಟ್ಟಿಲು ಹತ್ತಿ ಬಂದರು. ಕೈಯಲ್ಲಿ ಸ್ಟೀಲ್ ಲೋಟ. ನಮ್ಮನ್ನು ಕಂಡು ಹೆಜ್ಜೆ ನಿಧಾನವಾಯಿತು.

“ಬೆಳಗಿಂದ ಎಂತದೂ ತಿನ್ಲಿಲ್ಲ ಮಗಾ. ಇದಾದ್ರೂ ಕುಡಿ.”

“ಬಾಳೆಕಾಯಿ ಹಿಟ್ಟಿನ ಹಾಲು ಆಂಟಿ. ಚಮಚ ಹಾಕಿದ್ರೆ ನೆಟ್ಟಗೆ ನಿಲ್ಲುತ್ತೆ,” ಎಂದು ನಿಖಿತಾ ಲೋಟ ತೆಗೆದುಕೊಂಡಳು. ಬೇಡವೆಂದರೆ ತಾಯಿ ಬಿಡುವುದಿಲ್ಲ ಎಂದು ಗೊತ್ತಿರುವ ಮಕ್ಕಳಂತೆ ಕಣ್ಣು ಮುಚ್ಚಿ ಕುಡಿದಳು.

ನೀಲಗಂಗಮ್ಮ ಆ ಲೋಟವನ್ನೇ ನೋಡುತ್ತಿದ್ದರು. ನಂತರ ನಾಗವೇಣಿಯವರನ್ನು ಕೇಳಿದರು, “ನಿಮಗೇನನ್ಸುತ್ತೆ? ನಿಮ್ಮ ಬೀಗ್ತಿ ತೆಗೆದಿರಬಹುದಾ?”

“ಇಲ್ಲ. ಅವ್ರು ಅದ್ನ ಮುಟ್ಲಿಲ್ಲ.”

“ನೋಡಿದ್ರಾ?”

“ನೋಡುದೆಂತ. ನಂಗೊತ್ತು. ಅವ್ರ ಮೇಲೆ ಹಾಕ್ಬೇಡಿ.” ಲೋಟ ತೆಗೆದುಕೊಂಡು ಅವರು ಇಳಿದುಹೋದರು.

ನಾವೂ ಇಳಿದೆವು. ಅಡುಗೆಮನೆಯಲ್ಲಿ ಒಲೆಯ ಮೇಲೆ ಎರಡು ಕುಕ್ಕರ್ ಇದ್ದವು. ನನ್ನ ಕಣ್ಣು ಅತ್ತ ಹೋದದ್ದು ನೋಡಿ ಗಿರಿಜಾದೇವಿ, “ಬೀಗ್ತಿಗೆ ನಮ್ಮ ಬಿಳಿ ಅಕ್ಕಿ ಹೊಟ್ಟೆಗೇ ಹತ್ತಲ್ಲ ಕೋಕಿಲಾ. ಅವರದ್ದು ಬೇರೆ ಬೇಯಿಸ್ತೀನಿ,” ಎಂದರು. ಕಳ್ಳಿ ಎನಿಸಿಕೊಂಡ ದಿನವೂ ಆ ಎರಡನೆಯ ಕುಕ್ಕರನ್ನು ಅವರು ಮರೆತಿರಲಿಲ್ಲ.

ಗೇಟಿನ ಬಳಿ ನೀಲಗಂಗಮ್ಮ ನಿಂತು ಯಜಮಾನರಿಗೆ ಒಂದು ವಿಚಿತ್ರ ಮಾತು ಹೇಳಿದರು. “ಸಾರ್, ಇವತ್ತು ಸಂಜೆಯ ಪೂಜೆ ನೀರನ್ನ ದಾಸವಾಳದ ಬುಡಕ್ಕೆ ಹಾಕಿ. ಪತ್ರೆ ಮರಕ್ಕೆ ಬೇಡ.”

ಶಂಭುಲಿಂಗಪ್ಪನವರು ಹುಬ್ಬು ಗಂಟಿಕ್ಕಿದರು. “ಯಾಕ್ರೀ?”

“ಸಂಜೆ ಹೇಳ್ತೀನಿ.”

*

ಮನೆಗೆ ಬಂದ ಕೂಡಲೇ ನೀಲಗಂಗಮ್ಮ ಆ ಗಟ್ಟಿ ತುಣುಕನ್ನು ಒಂದು ಗಾಜಿನ ಲೋಟದ ನೀರಿಗೆ ಹಾಕಿ ಮೇಜಿನ ಮೇಲಿಟ್ಟರು. ನಂತರ ಲಕ್ಷ್ಮೀಪತಿಗೆ ಫೋನ್ ಮಾಡಿ, ನನಗೂ ಕೇಳುವಂತೆ ಸ್ಪೀಕರ್ ಹಾಕಿ, ಕುಂಡಗಳಲ್ಲಿ ಕಂಡದ್ದನ್ನು ಹೇಳಿದರು.

“ನಾನಾ? ಕದಿಯೋದಾ?” ಆತನ ದನಿ ಕೀರಲಾಯಿತು. “ಮೇಡಂ, ಆಸೆ ಪಟ್ಟಿದ್ದು ನಿಜ. ಬೇಡ್ಕೊಂಡಿದ್ದೂ ನಿಜ. ಆದ್ರೆ ಕದಿಯೋನು ಕುಂಡ ಸಮೇತ ಎತ್ಕೊಂಡು ಹೋಗ್ತಾನೆ. ಮಲಗಿರೋ ಗೆಡ್ಡೆನ ಬೇರುಸಮೇತ ಅಲ್ಲಾಡಿಸೋದು ಅಂದ್ರೆ ನಿದ್ದೆ ಮಾಡೋ ಮಗುನ ಕಾಲು ಹಿಡಿದು ಎಳೆದ ಹಾಗೆ. ಅಷ್ಟಕ್ಕೂ ಮಣ್ಣು ತುಂಬಿ, ಎಲೆ ಹೊದಿಸಿ ಹೋಗೋಕೆ ಯಾವ ಕಳ್ಳನಿಗೆ ಪುರುಸೊತ್ತಿರುತ್ತೆ?”

“ಸಂಜೆ ಗಿರಿಜಾದೇವಿಯವರ ಮನೆಗೆ ಬನ್ನಿ,” ಎಂದು ನೀಲಗಂಗಮ್ಮ ಫೋನಿಟ್ಟರು. “ಸರಿಯಾಗೇ ಹೇಳ್ದ.”

“ಹಾಗಾದ್ರೆ ಗಿರಿಜಾದೇವಿಯವರೇನಾ ಅಕ್ಕಾ?” ನನಗೆ ಕೇಳಲೂ ಕಷ್ಟವಾಯಿತು. “ಹಕ್ಕಿಗೆ ಅಕ್ಕಿ ಹಾಕೋರು ಅವರು. ನಾಮಕರಣದ ಮನೆಯಲ್ಲಿ ಸುಮ್ಮನಿದ್ದೋರೂ ಅವರೇ.”

“ಎರಡು ಅಕ್ಕೀನೂ ಪಕ್ಕದಲ್ಲಿಟ್ಟು ನೋಡು. ಆಮೇಲೆ ಹೇಳು.”

ಮೇಜಿನ ಮೇಲೆ ತಡೆಗೋಡೆಯ ಅಕ್ಕಿ ಸಣ್ಣಗೆ, ಬೆಳ್ಳಗೆ ಇತ್ತು. ಕುಂಡದ ಅಕ್ಕಿ ದಪ್ಪಗೆ, ಕೆಂಪಗೆ. ನಾನು ಬಾಯಿ ತೆರೆಯುವ ಮೊದಲೇ ನೀಲಗಂಗಮ್ಮ ಕೈಯೆತ್ತಿ ತಡೆದರು.

“ಈಗಲೇ ಬೇಡ. ಹೆಸರು ಹೇಳೋದು ಸುಲಭ. ಆ ಹುಡುಗಿಗೆ ಇದನ್ನ ಹೇಗೆ ಹೇಳೋದು ಅಂತ ಯೋಚನೆ ಮಾಡ್ತಿದೀನಿ.” ಲೋಟದ ನೀರಲ್ಲಿ ಆ ತುಣುಕು ಅಂಚಿನಿಂದ ಮೆಲ್ಲಗೆ ಬಿಳುಪೇರುತ್ತಿತ್ತು.

*

ಸಂಜೆಗೆ ಮೋಡ ಕವಿದಿತ್ತು. ಮಾಗಡಿ ರಸ್ತೆಯ ಕಡೆಯಿಂದ ಗುಡುಗು ಕೇಳುತ್ತಿತ್ತು. ಗಿರಿಜಾದೇವಿಯವರ ನಡುಮನೆಯಲ್ಲಿ ಎಲ್ಲರೂ ಕುಳಿತಿದ್ದರು. ನಿಖಿತಾಳ ಸೂಟ್‌ಕೇಸ್ ಬಾಗಿಲ ಪಕ್ಕದಲ್ಲಿತ್ತು. ಚನ್ನವೀರೇಶ್ ಆಫೀಸಿನಿಂದ ನೇರ ಬಂದು ಅದರ ಪಕ್ಕದಲ್ಲೇ ನಿಂತಿದ್ದ, ಕಾವಲಿಗೆ ನಿಂತವನಂತೆ. ಲಕ್ಷ್ಮೀಪತಿ ಒಂದು ಮೂಲೆ ಹಿಡಿದಿದ್ದರು. ನಾಗವೇಣಿ ನೆಲದ ಮೇಲೆ ಗೋಡೆಗೆ ಒರಗಿದ್ದರು.

ನೀಲಗಂಗಮ್ಮ ಚೀಲದಿಂದ ಗಾಜಿನ ಲೋಟ ತೆಗೆದು ಮೇಜಿನ ಮೇಲಿಟ್ಟು, ಮೇಲೊಂದು ಕರವಸ್ತ್ರ ಮುಚ್ಚಿದರು.

“ಮೊದಲು ಭಾರದ ವಿಷಯ,” ಎಂದರು. “ಕುಂಡದಿಂದ ಗೆಡ್ಡೆ ಹೋದ್ರೆ ಕುಂಡ ಹಗುರ ಆಗ್ಬೇಕು. ಇಲ್ಲಿ ಭಾರ ಆಗಿದೆ. ಯಾಕಂದ್ರೆ ಗೆಡ್ಡೆ ತೆಗೆದ ಹಳ್ಳಕ್ಕೆ ಯಾರೋ ಅಂಗಳದ ಕೆಂಪು ಮಣ್ಣು ತುಂಬಿದಾರೆ. ನಿಖಿತಾ ಅಂತೂ ಆ ಮಣ್ಣು ಹಾಕಲ್ಲ. ಲಕ್ಷ್ಮೀಪತಿಯವರಿಗೆ ಅದು ತಪ್ಪು ಮಣ್ಣು ಅಂತ ಗೊತ್ತು. ಗಿರಿಜಾದೇವಿಯವರು ತೆಗೆದಿದ್ರೆ ತುಂಬೋ ಅಗತ್ಯವೇ ಇಲ್ಲ, ಕರಿಬೇವು ನೆಟ್ಟಿರ್ತಿದ್ರು. ತುಂಬಿ, ಎಲೆ ಹೊದಿಸಿದ ಕೈ ಬೇರೆ. ಅದು ತೆಗೆದುಕೊಂಡ ಜಾಗಕ್ಕೆ ಮರ್ಯಾದೆ ಕೊಡೋ ಕೈ.”

ಅವರು ಮೇಜಿನ ಮೇಲೆ ಎರಡು ಚಿಟಿಕೆ ಅಕ್ಕಿ ಇಟ್ಟರು.

“ಎರಡನೇದು ಇದು. ಮೂರು ಕುಂಡದಲ್ಲೂ ಅಕ್ಕಿಕಾಳಿತ್ತು. ಹಕ್ಕಿಗೆ ಹಾಕಿದ್ದು ಮಣ್ಣಿನ ಮೇಲೆ ಬೀಳುತ್ತೆ, ಒಳಗೆ ಹೋಗಲ್ಲ. ಮತ್ತೆ ಹಕ್ಕಿಯ ಅಕ್ಕಿ ಬಿಳಿ. ಇದು ಕುಚ್ಚಲಕ್ಕಿ. ಈ ಮನೆಯಲ್ಲಿ ಕುಚ್ಚಲಕ್ಕಿ ಉಣ್ಣೋರು ಒಬ್ಬರೇ.”

ನಿಖಿತಾ ತಟ್ಟನೆ ಎದ್ದಳು. “ಆಂಟಿ, ಏನು ಹೇಳ್ತಿದೀರ? ನನ್ನಮ್ಮನಿಗೆ ಇದು ಬೇಕಾಗಿಲ್ಲ. ಇದು ಏನು ಅಂತ ಅವರಿಗೆ ಗೊತ್ತು!”

“ಗೊತ್ತಿರೋದಕ್ಕೇ ಬೇಕಾಗಿತ್ತು. ಕೂತ್ಕೊಳಮ್ಮ. ಬೆಳಿಗ್ಗೆ ಎಲ್ಲರಿಗೂ ಅನುಮಾನ ಇತ್ತು. ಅತ್ತೆ ತೆಗೆದಿಲ್ಲ ಅಂತ ಅನುಮಾನವೇ ಇಲ್ಲದೆ ಹೇಳಿದ್ದು ನಿಮ್ಮಮ್ಮ ಮಾತ್ರ. ಅಷ್ಟು ಖಚಿತವಾಗಿ ಹೇಳೋಕೆ ಒಂದೇ ದಾರಿ ಇದೆ.”

ಅವರು ಕರವಸ್ತ್ರ ತೆಗೆದರು. ಬೆಳಿಗ್ಗೆ ಉಗುರಿನಷ್ಟಿದ್ದ ತುಣುಕು ಊದಿಕೊಂಡು ಮೆತ್ತಗಾಗಿತ್ತು. ಸುತ್ತಲಿನ ನೀರು ಗಟ್ಟಿಯಾಗಿತ್ತು. ಚಮಚದಿಂದ ಎತ್ತಿದಾಗ ಲೋಳೆ ಎಳೆಯೆಳೆಯಾಗಿ ಇಳಿಯಿತು.

“ಬಾಳೆಕಾಯಿ ಒಣಗಿದ್ರೆ ಕಪ್ಪಗಾಗಿ ಮುರಿಯುತ್ತೆ. ಇದು ಕೊಂಬಿನ ಹಾಗಿತ್ತು. ಸರ್ವಿಸ್‌ನಲ್ಲಿದ್ದಾಗ ನಾಟಿ ಔಷಧಿ ಮಾರೋ ಗ್ರಂಧಿಗೆ ಅಂಗಡಿಗಳಿಗೆ ತಪಾಸಣೆಗೆ ಹೋಗಿ ಇಂಥದ್ದನ್ನ ತೂಗಿದೀನಿ. ಸಾಲಾಂ ಮಿಶ್ರಿ ಅಂತ ಮಾರ್ತಾರೆ. ನೆಲದ ಆರ್ಕಿಡ್ ಗೆಡ್ಡೆ ಬೇಯಿಸಿ, ಸೀಳಿ, ಒಣಗಿಸಿದ್ದು. ಹಾಲಿಗೆ ಹಾಕಿ ಕೊಡ್ತಾರೆ. ಶಕ್ತಿಗೆ ಅಂತ. ಮಕ್ಕಳಾಗಲಿ ಅಂತ.”

ನಿಖಿತಾಳ ಕಣ್ಣು ಲೋಟದಿಂದ ತಾಯಿಯ ಕಡೆಗೆ ಹೋಯಿತು. ಅಲ್ಲಿಂದ ತನ್ನ ಕೈಗಳ ಕಡೆಗೆ.

“ನಾನು... ಕುಡಿದೆ,” ಎಂದಳು. “ಇವತ್ತೂ ಕುಡಿದೆ. ಬಿಸಿಲಿಗೆ ನಾನೇ ಎಳೆದು ಹಾಕಿದ್ದೆ.” ಬಾಯಿಗೆ ಸೆರಗಿನಂತೆ ದುಪಟ್ಟಾ ಒತ್ತಿಕೊಂಡಳು. “ಅಮ್ಮಾ, ಭೂಮಿ ಮೇಲೆ ಆ ಜಾಗದ್ದು ಅಂತ ಉಳಿದಿದ್ದೇ ಅದು. ನಾನೇ ತಿಂದು ಮುಗಿಸಿದೆನಾ?”

ನಾಗವೇಣಿ ತಲೆಯೆತ್ತಿದರು. ಅಳುತ್ತಿರಲಿಲ್ಲ. ಅಳುವುದಕ್ಕಿಂತ ಹಿಂದಿನ ಯಾವುದೋ ಮೆಟ್ಟಿಲಲ್ಲಿ ನಿಂತಂತಿದ್ದರು.

“ನಂಗೂ ತುಂಬ ವರ್ಷ ಮಕ್ಳಾಗ್ಲಿಲ್ಲ ಮಗಾ. ನಿನ್ನಪ್ಪಂಗೆ ಬೇರೆ ಹೆಣ್ಣು ನೋಡ್ತಿದ್ರು. ನಂಗೆ ಕೇಳ್ಲಿ ಅಂತ್ಲೇ ಜಗಲಿ ಮೇಲೆ ಕೂತು ಮಾತಾಡ್ತಿದ್ರು. ಆವಾಗ ನನ್ನತ್ತೆ ಆ ಕಾಡಿಗೆ ಹೋಗಿ ಈ ಗೆಡ್ಡೆ ತಂದು ಹಾಲಲ್ಲಿ ಕೊಟ್ರು. ಆಮೇಲೆ ನೀ ಹುಟ್ಟಿದ್ದು. ನಾಮಕರಣದ ಮನೆಲಿ ಆ ಹೆಂಗಸು ಹಾಗೆ ಹೇಳಿದ್ಮೇಲೆ ನಂಗೆ ಮತ್ತೆ ಅದೇ ಜಗಲಿ ಕಂಡ್ತು. ಬೀಗ್ತಿಯವ್ರು ಎದ್ದು ಹೋದ್ರು. ಸರಿ, ಇನ್ನು ಇಲ್ಲೂ ಬೇರೆ ಹೆಣ್ಣು ನೋಡ್ತಾರೆ ಅಂದ್ಕಂಡೆ. ಊರಲ್ಲಿ ಕಾಡೇ ಇಲ್ಲ. ಇಲ್ಲಿ ಕುಂಡದಲ್ಲಿತ್ತು. ಬೀಗ್ತಿಯವ್ರು ಮಧ್ಯಾಹ್ನ ವಚನದ ಕ್ಲಾಸಿಗೆ ಹೋದಾಗ ತೆಗ್ದೆ. ನಾ ಎಂತ ಮಾಡುದು?”

“ನನ್ನನ್ನ ಕೇಳಬಹುದಿತ್ತು.” ನಿಖಿತಾ ತಾಯಿಯ ಕಡೆ ತಿರುಗಿದಳು. “ಅಮ್ಮಾ, ನಾವು ಹೋದ ವರ್ಷವೇ ಟ್ರೀಟ್‌ಮೆಂಟ್ ನಿಲ್ಲಿಸಿದ್ವಿ. ಎರಡು ಸಲ ಉಳೀಲಿಲ್ಲ. ಮೂರನೇ ಸಲ ಬೇಡ ಅಂತ ಇಬ್ಬರೂ ತೀರ್ಮಾನ ಮಾಡಿದ್ವಿ. ಯಾರಿಗೂ ಹೇಳಲಿಲ್ಲ.”

“ಹೇಳೋಣ ಅಂತ ನಾನೇ ಅಂದಿದ್ದೆ,” ಎಂದ ಚನ್ನವೀರೇಶ್. “ಆಮೇಲೆ ನಂಗೇ ಧೈರ್ಯ ಬರಲಿಲ್ಲ.”

“ನಂಗೆ ಗೊತ್ತಿತ್ತು.”

ಹೇಳಿದವರು ಗಿರಿಜಾದೇವಿ. ಎಲ್ಲರೂ ತಿರುಗಿದರು.

“ಬಚ್ಚಲಲ್ಲಿ ನಲ್ಲಿ ಬಿಟ್ಟು ಅಳೋ ಸೊಸೆ ಮನೆಯಲ್ಲಿದ್ರೆ ಅತ್ತೆಗೆ ಗೊತ್ತಾಗಲ್ವಾ? ನೀನು ಹೇಳೋವರೆಗೂ ಕೇಳಬಾರದು ಅಂದ್ಕೊಂಡಿದ್ದೆ ಕಣೇ. ನಾಮಕರಣದ ಮನೆಯಲ್ಲಿ ನಾನು ಎದ್ದು ಹೋಗಿದ್ದು ಆ ಮಾತಾಡಿದವಳನ್ನ ಕೈ ತೊಳೆಯೋ ಹತ್ರ ಹಿಡ್ಕೊಳ್ಳೋಕೆ. ನನ್ನ ಸೊಸೆ ವಿಷಯ ಇನ್ನೊಂದ್ಸಲ ಎತ್ತಿದ್ರೆ ನಿನ್ನ ಮನೆ ಮೆಟ್ಟಿಲು ಹತ್ತಲ್ಲ ಅಂದೆ. ಇವತ್ತಿಗೂ ಹತ್ತಿಲ್ಲ. ನಾಲ್ಕು ಜನರ ಮುಂದೆ ಕೂಗಾಡೋಕೆ ನಂಗೆ ಬರಲ್ಲ.”

ಶಂಭುಲಿಂಗಪ್ಪನವರು ಕನ್ನಡಕ ತೆಗೆದು ಒರೆಸಿಕೊಂಡರು. “ಹೌದೇನೇ? ನನಗೂ ಹೇಳ್ಲಿಲ್ಲ.”

“ನಿಮಗೆ ಹೇಳಿದ್ರೆ ಮಠದವರಿಗೂ ಗೊತ್ತಾಗ್ತಿತ್ತು,” ಎಂದರು ಗಿರಿಜಾದೇವಿ. ಆ ಬಿಗಿಯಲ್ಲೂ ಲಕ್ಷ್ಮೀಪತಿ ಫಕ್ಕನೆ ನಕ್ಕು, ಬಾಯಿ ಮುಚ್ಚಿಕೊಂಡರು.

ನಿಖಿತಾ ನಗಲಿಲ್ಲ. ಅತ್ತೆಯನ್ನು ಮೊದಲ ಬಾರಿಗೆ ನೋಡುವವಳಂತೆ ನೋಡುತ್ತಿದ್ದಳು. ಆಮೇಲೆ ಆ ಗಾಜಿನ ಲೋಟದ ಮುಂದೆ ಕುಸಿದು ಕುಳಿತಳು. “ಆದ್ರೂ ಅದು ಹೋಯ್ತಲ್ಲ,” ಎಂದಳು.

“ಎಲ್ಲಾ ಹೋಗ್ಲಿಲ್ಲ,” ಎಂದರು ನಾಗವೇಣಿ ಆತುರದಿಂದ. “ತಾಯಿಗೆಡ್ಡೆ ಮುಟ್ಟಬಾರ್ದು ಅಂತ ಇದ್ಯಲ್ಲ. ದಪ್ಪದ್ದು, ಹೊಸದ್ದು ಮಾತ್ರ ಮುರ್ಕಂಡು, ಹಳೇದ್ನ ಮೊಳಕೆ ಕಣ್ಣಿನ ಸಮೇತ ಮಣ್ಣಿಗೆ ಕೊಡ್ಬೇಕು. ತೆಗ್ದ ಜಾಗ ಬರಿದಾಗಿರ್ಬಾರ್ದು, ಅದಕ್ಕೆ ಅಕ್ಕಿ. ಆದ್ರೆ ಮುರಿದ ಗೆಡ್ಡೆ ಕುಂಡದಲ್ಲಿ ಬದುಕುದಿಲ್ಲ, ನೆಲವೇ ಆಗ್ಬೇಕು. ಮಳೆಗೆ ಚಿಗುರಿದ್ಮೇಲೆ ತೋರ್ಸುವ ಅಂದ್ಕಂಡಿದ್ದೆ. ನೀ ನಾಳೆಯೇ ಹೊರಡ್ತೆ ಅಂತ ನಂಗೆಲ್ಲಿ ಗೊತ್ತಿತ್ತು?”

“ಎಲ್ಲಿ ಅಂತ ನಾನು ಹೇಳ್ಲಾ?” ಎಂದರು ನೀಲಗಂಗಮ್ಮ. “ಕುಂಡಕ್ಕೆ ಬಂದ ಕೆಂಪು ಮಣ್ಣು ಎಲ್ಲಿಂದಲೋ ಬಂದಿರಬೇಕಲ್ಲ. ಎಲ್ಲಿಂದ ಬಂತೋ ಅಲ್ಲೊಂದು ಗುಂಡಿ ಆಗಿರಬೇಕು. ಗುಡಿಸಿದ ಅಂಗಳದಲ್ಲಿ ಒಂದೇ ಕಡೆ ಎಲೆ ಹಾಸಿತ್ತು. ಕುಂಡದ ಮೇಲೆ ಹಾಸಿದ ಹಾಗೇ. ಪತ್ರೆ ಮರದ ಬುಡ.”

ಶಂಭುಲಿಂಗಪ್ಪನವರ ಮುಖ ಬಿಳಿಚಿಕೊಂಡಿತು. “ಶಿವನೇ! ಅಲ್ಲಿಗೇ ನಾನು ದಿನಾ ಎರಡು ಹೊತ್ತು...”

“ಆ ನೀರು ಎಲೆ ದಾಟಿ ಗೆಡ್ಡೆಗೆ ಇಳಿಯುತ್ತೆ ಅಂತ ಬೀಗ್ತಿಗೆ ಗೊತ್ತಿರಲಿಲ್ಲ. ಆ ಗೆಡ್ಡೆ ನಿಮಗೆ ಗೊತ್ತಿರಲಿಲ್ಲ,” ಎಂದರು ನೀಲಗಂಗಮ್ಮ. “ಇಬ್ಬರೂ ಭಕ್ತಿಯಿಂದಲೇ ಮಾಡಿದ್ದು. ನಿಖಿತಾ, ಏಳು. ಮಳೆ ಬರೋಕೆ ಮುಂಚೆ.”

ನಾವೆಲ್ಲ ಅಂಗಳಕ್ಕೆ ಓಡಿದೆವು. ಹನಿ ಶುರುವಾಗಿತ್ತು. ಚನ್ನವೀರೇಶ್ ಮೊಬೈಲಿನ ಟಾರ್ಚ್ ಹಿಡಿದ. ಲಕ್ಷ್ಮೀಪತಿ ತಮ್ಮ ಕೊಡೆಯನ್ನು ಜನರ ತಲೆಗಲ್ಲ, ಮರದ ಬುಡಕ್ಕೆ ಹಿಡಿದರು. ನಿಖಿತಾ ಎಲೆ ಸರಿಸಿ ಬೆರಳುಗಳಿಂದ ಮಣ್ಣು ಕೆರೆದಳು. ಎದುರಿಗೆ ಅವಳ ತಾಯಿ ಕುಳಿತು, ಇಲ್ಲಿ, ಇನ್ನು ಸ್ವಲ್ಪ ಈಚೆ, ಎಂದು ತೋರಿಸುತ್ತಿದ್ದರು.

ಮೊದಲನೆಯದು ಬೆರಳು ತಾಗಿದ ಕೂಡಲೇ ಅಂಬಲಿಯಂತೆ ಕರಗಿತು. ಎರಡನೆಯದರಲ್ಲಿ ಸಿಪ್ಪೆ ಮಾತ್ರ ಉಳಿದಿತ್ತು. ನಾಗವೇಣಿ ಎರಡು ಕೈಯಲ್ಲೂ ಮುಖ ಮುಚ್ಚಿಕೊಂಡರು. ಮೂರನೆಯದು ಬೇರಿನ ಮಗ್ಗುಲಲ್ಲಿ, ಸ್ವಲ್ಪ ಎತ್ತರದಲ್ಲಿತ್ತು. ನಿಖಿತಾ ಅದರ ಸುತ್ತ ಮಣ್ಣು ಬಿಡಿಸಿ ಉಸಿರು ಹಿಡಿದು ಒತ್ತಿ ನೋಡಿದಳು. ಸುಕ್ಕುಗಟ್ಟಿತ್ತು, ಬಡಕಲಾಗಿತ್ತು. ಆದರೆ ಗಟ್ಟಿಯಾಗಿತ್ತು. ಒಂದು ಪಕ್ಕದಲ್ಲಿ ಜೋಳದ ಕಾಳಿನಷ್ಟು ಹಸಿರು ಮೂತಿ ಹೊರಗಿಣುಕಿತ್ತು.

ಅವಳು ಅದನ್ನು ಅಂಗೈಯಲ್ಲಿಟ್ಟುಕೊಂಡು ಮಣ್ಣು ಒರೆಸಿದಳು. ಕ್ಷಮಿಸಿದೆ ಎಂದು ತಾಯಿಗೆ ಹೇಳಲಿಲ್ಲ. ಅಷ್ಟು ಬೇಗ ಹೇಳುವ ಮಾತಲ್ಲ ಅದು. ಆದರೆ ಎದ್ದೇಳಲು ಕೈ ಬೇಕಾದಾಗ ಮಣ್ಣಾದ ತನ್ನ ಎಡಗೈಯನ್ನು ತಾಯಿಯ ಕಡೆಗೇ ಚಾಚಿದಳು.

*

ಬೆಳಿಗ್ಗೆ ಲಕ್ಷ್ಮೀಪತಿಯವರ ಕಾರು ಬಂದಾಗ ನಾವೂ ಹೋಗಿದ್ದೆವು. ಸೂಟ್‌ಕೇಸ್ ಮತ್ತೆ ಮಂಚದ ಕೆಳಗೆ ಹೋಗಿತ್ತು. ನಿಖಿತಾಳ ಹೆಗಲಲ್ಲಿ ಒಂದೇ ಒಂದು ಸಣ್ಣ ಚೀಲ. ಹಿಂದಿನ ಸೀಟಿನಲ್ಲಿ ನಾಗವೇಣಿ ಕುಂಡವನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತಿದ್ದರು. ರಾತ್ರಿಯಿಡೀ ನಿದ್ದೆ ಮಾಡಿದಂತಿರಲಿಲ್ಲ.

“ಅಕ್ಕಾ, ನಿಮ್ಮ ತಕ್ಕಡಿ ತರಬೇಕಿತ್ತು. ಆ ಗೆಡ್ಡೆ ಎಷ್ಟು ತೂಗುತ್ತೋ?” ಎಂದೆ ನಾನು.

“ಕೆಲವನ್ನ ತೂಗಬಾರದು ಕಣೇ,” ಎಂದರು ನೀಲಗಂಗಮ್ಮ.

ಕಾರು ಹೊರಡುವ ಹೊತ್ತಿಗೆ ಗಿರಿಜಾದೇವಿ ಒಳಗಿನಿಂದ ಬಿರಬಿರನೆ ಬಂದರು. ಕೈಯಲ್ಲೊಂದು ಪುಟ್ಟ ಬಟ್ಟೆಯ ಗಂಟು. ಕಿಟಕಿಯಿಂದ ಬಗ್ಗಿ ಅದನ್ನು ನಾಗವೇಣಿಯವರ ಮುಷ್ಟಿಗೆ ಹಾಕಿದರು.

“ಗುಂಡಿಗೆ ಹಾಕೋಕೆ ಅಕ್ಕಿ ಬೀಗ್ತೀ. ನಿಮ್ಮದೂ ಇದೆ. ನಮ್ಮ ಮನೆದೂ ಒಂದು ಹಿಡಿ ಸೇರ್ಸಿದೀನಿ. ಅಲ್ಲಿಂದ ತೆಗೆದದ್ದು ಜಾಸ್ತಿ ಆಗಿದೆಯಲ್ಲ.”

ನಾಗವೇಣಿ ಗಂಟನ್ನು ಕುಂಡದ ಪಕ್ಕದಲ್ಲಿಟ್ಟು ಸೆರಗು ಹೊದಿಸಿದರು. ನಿಖಿತಾ ಬಾಗಿಲು ಎಳೆದುಕೊಳ್ಳುತ್ತಾ ಅತ್ತೆಯನ್ನು ನೋಡಿ ಹೇಳಿದಳು:

“ಭಾನುವಾರ ಬರ್ತೀನಿ ಅತ್ತೆ. ಉಳಿದ ಆ ಎರಡು ಕುಂಡಕ್ಕೆ ಕರಿಬೇವು ಹಾಕಿಡಿ.”